ಗಿರಗಾಂವ್, ದಾದರ್, ಬೀಳಗಿ: ಮುಂಬಯಿ ಸಿನಿಮಾದ ಮೊದಲ ದಿನಗಳು

(ಮಾಟುಂಗಾದಲ್ಲಿ ಕನ್ನಡ ಗೆಳೆಯರ ಕೂಟದಲ್ಲಿ ಆಡಿದ ಮಾತುಗಳ ಬರಹ ರೂಪ. ಮಾತಿನ ಧಾಟಿಯನ್ನು ಆದಷ್ಟು ಹಾಗೇ ಉಳಿಸಿಕೊಂಡಿದ್ದೇನೆ.)

ಎಲ್ಲರಿಗೂ ನಮಸ್ಕಾರ.

ಮುಂಬಯಿ ಸಿನಿಮಾ ಅಂದ ಕೂಡಲೇ ನಮಗೆ ನೆನಪಾಗುವುದು ಬಾಂದ್ರಾ, ಜುಹು, ಅಂಧೇರಿ. ನಟರ ಬಂಗಲೆಗಳಿರುವುದು ಅಲ್ಲಿ. ಊರಿಂದ ನೆಂಟರು ಬಂದರೆ ನಾವು ಕರೆದುಕೊಂಡು ಹೋಗಿ ತೋರಿಸುವುದೂ ಅದೇ ಗೇಟುಗಳನ್ನು. ಆದರೆ ಸಿನಿಮಾ ಹುಟ್ಟಿದ್ದು ಆ ಕಡೆ ಅಲ್ಲ. ಅದು ಹುಟ್ಟಿದ್ದು ಫೋರ್ಟ್, ಗಿರಗಾಂವ್, ಗ್ರಾಂಟ್ ರೋಡ್, ದಾದರ್‌ಗಳಲ್ಲಿ. ನಾವು ದಿನಾ ರೈಲು ಬದಲಿಸುವ, ತರಕಾರಿ ಕೊಳ್ಳುವ, ಮದುವೆ ಸೀರೆಗೆ ಹೋಗುವ ಜಾಗಗಳಲ್ಲಿ.

ನಾನು ಇವತ್ತು ಮುಖ್ಯವಾಗಿ ಹೇಳಬೇಕೆಂದಿರುವುದು ಇಷ್ಟೇ. ಮುಂಬಯಿ ಸಿನಿಮಾವನ್ನು ಕಟ್ಟಿದವರು ಸಿನಿಮಾದವರಲ್ಲ. ಆಗ ಸಿನಿಮಾದವರು ಅಂತ ಯಾರೂ ಇರಲೇ ಇಲ್ಲವಲ್ಲ! ಪ್ರೆಸ್ ನಡೆಸುವವರು, ಫೋಟೋ ಸ್ಟುಡಿಯೋದವರು, ಹೋಟೆಲ್ ಅಡುಗೆಯವರು, ಹತ್ತಿ ಸಟ್ಟಾ (ಬೆಲೆಯ ಏರಿಳಿತದ ಮೇಲಿನ ಜೂಜು) ಆಡುವವರು, ಟೆಲಿಫೋನ್ ಆಪರೇಟರ್, ಕಂಪನಿ ನಾಟಕದ ಹಾಡುಗಾರ್ತಿ, ಹೀಗೆ ಬೇರೆ ಬೇರೆ ಕಸುಬಿನವರು ಒಂದೊಂದು ತುದಿ ಹಿಡಿದು ಎಳೆದರು. ಅವರೆಲ್ಲ ಒಂದೇ ಊರಲ್ಲಿ, ಟ್ರಾಮಿನ ದೂರದಲ್ಲಿ ಇದ್ದರು. ಅದಕ್ಕೇ ಈ ಉದ್ಯಮ ಇಲ್ಲಿ ಬೇರು ಬಿಟ್ಟಿತು.

ಮೊದಲ ತಾರೀಕು ಎಲ್ಲರಿಗೂ ಗೊತ್ತಿರುವುದೇ. 1896ರ ಜುಲೈ 7. ಕಾಲಾ ಘೋಡಾದ ವಾಟ್ಸನ್ ಹೋಟೆಲಿನಲ್ಲಿ ಲೂಮಿಯೇ ಸಹೋದರರ ಚಿತ್ರಗಳ ಪ್ರದರ್ಶನ. ಪ್ಯಾರಿಸಿನಲ್ಲಿ ಮೊದಲ ಟಿಕೆಟ್ ಪ್ರದರ್ಶನ ಆಗಿ ಆರೇಳು ತಿಂಗಳಷ್ಟೇ ಕಳೆದಿತ್ತು. ಚಿತ್ರ ತಂದವನ ಹೆಸರು ಮಾರಿಯೂಸ್ ಸೆಸ್ತಿಯೇ. ಅವನು ಹೊರಟಿದ್ದು ಆಸ್ಟ್ರೇಲಿಯಾಕ್ಕೆ, ದಾರಿಯಲ್ಲಿ ಬಂದರು ಸಿಕ್ಕಿತು, ಇಳಿದ. ಟಿಕೆಟ್ಟಿಗೆ ಒಂದು ರೂಪಾಯಿ. ಆ ಕಾಲಕ್ಕೆ ಸಾಮಾನ್ಯರು ಕೊಡುವ ದುಡ್ಡಲ್ಲ ಅದು. ತೋರಿಸಿದ್ದು ಆರು ತುಣುಕು: ರೈಲು ಬರುವುದು, ಫ್ಯಾಕ್ಟರಿಯಿಂದ ಜನ ಹೊರಬೀಳುವುದು, ಗೋಡೆ ಕೆಡವುವುದು, ಸಮುದ್ರದಲ್ಲಿ ಈಜಾಡುವುದು, ಇಂಥವು.

ಒಂದು ವಾರ ಕಳೆಯುವಷ್ಟರಲ್ಲಿ ಅದು ನಾವೆಲ್ಟಿ ಥಿಯೇಟರಿಗೆ ಬಂತು. ನನಗೆ ಹೋಟೆಲಿಗಿಂತ ಈ ಥಿಯೇಟರ್ ಮುಖ್ಯ ಅನಿಸುತ್ತದೆ. ಯಾಕಂದರೆ ಅಲ್ಲಿ ನಾಲ್ಕಾಣೆ ಟಿಕೆಟ್ ಬಂತು. ಪರದಾ ಇರುವ ಹೆಂಗಸರಿಗೆ ಬೇರೆ ಬಾಕ್ಸ್ ಬಂತು. ಅಂದರೆ ಯಾರು ಬರಬಹುದು, ಎಷ್ಟು ಕೊಡಬಹುದು, ಎಲ್ಲಿ ಕೂರಿಸಬೇಕು ಅನ್ನುವ ಲೆಕ್ಕಾಚಾರ ಮೊದಲ ತಿಂಗಳಲ್ಲೇ ಶುರು. ವ್ಯಾಪಾರದ ಊರು ಅಂದರೆ ಹೀಗೆ.

ಆ ಪ್ರದರ್ಶನ ನೋಡಿದವರಲ್ಲಿ ಹರಿಶ್ಚಂದ್ರ ಸಖಾರಾಮ ಭಾಟವಡೇಕರ್ ಒಬ್ಬರು. ಸಾವೇ ದಾದಾ ಅಂತ ಜನ ಕರೆಯುತ್ತಿದ್ದರು. ಇಲ್ಲೇ ಫೋಟೋ ಸ್ಟುಡಿಯೋ ಇಟ್ಟುಕೊಂಡಿದ್ದವರು. ಲಂಡನ್ನಿನಿಂದ 21 ಗಿನಿ ಕೊಟ್ಟು ಒಂದು ಕ್ಯಾಮೆರಾ ತರಿಸಿಕೊಂಡರು. 1899ರಲ್ಲಿ ಹ್ಯಾಂಗಿಂಗ್ ಗಾರ್ಡನ್ನಿನಲ್ಲಿ ಒಂದು ಕುಸ್ತಿ ನಡೆಸಿ ಅದನ್ನು ಶೂಟ್ ಮಾಡಿದರು. ಕುಸ್ತಿಯನ್ನೇ ಯಾಕೆ ಆರಿಸಿಕೊಂಡರು? ಜಾಗ ಬಿಟ್ಟು ಜಾಸ್ತಿ ಕದಲದ ಇಬ್ಬರು, ಬೇಕಾದಷ್ಟು ಬಿಸಿಲು, ಮತ್ತೆ ನೋಡಲು ಜನಕ್ಕೆ ಇಷ್ಟ. ಫೋಟೋಗ್ರಾಫರನ ತಲೆ ಓಡುವುದೇ ಹಾಗೆ ಅಲ್ವಾ? ಫಿಲ್ಮು ತೊಳೆಯುವ ವ್ಯವಸ್ಥೆ ಇಲ್ಲಿರಲಿಲ್ಲ, ಲಂಡನ್ನಿಗೆ ಕಳಿಸಿದರು. 1901ರ ಕೊನೆಗೆ ಕೇಂಬ್ರಿಜ್‌ನಲ್ಲಿ ಸೀನಿಯರ್ ರ‍್ಯಾಂಗ್ಲರ್ (ಗಣಿತ ಪರೀಕ್ಷೆಯಲ್ಲಿ ಎಲ್ಲರಿಗಿಂತ ಮೊದಲು) ಆಗಿದ್ದ ಆರ್.ಪಿ. ಪರಾಂಜಪೆ ಊರಿಗೆ ಮರಳಿದಾಗ ಆ ಸ್ವಾಗತವನ್ನೂ ಚಿತ್ರೀಕರಿಸಿದರು. ನಮ್ಮ ದೇಶದ ಸುದ್ದಿಚಿತ್ರದ ಮೊದಲ ಹೆಜ್ಜೆ ಅದು.

ಇನ್ನು ದಾದಾಸಾಹೇಬ್ ಫಾಲ್ಕೆ. ಇಲ್ಲಿ ಸ್ವಲ್ಪ ಹೊತ್ತು ನಿಲ್ಲುತ್ತೇನೆ.

ಅವರಿಗಿಂತ ಮುಂಚೆ ದಾದಾಸಾಹೇಬ್ ತೋರಣೆ ಅವರ 'ಶ್ರೀ ಪುಂಡಲೀಕ' ಬಂದಿತ್ತು. 1912ರ ಮೇ 18, ಗಿರಗಾಂವ್‌ನ ಕಾರೋನೇಷನ್ ಥಿಯೇಟರ್. ದೇಶದ ಮೊದಲ ಕಥಾಚಿತ್ರ ಯಾರದು ಅನ್ನುವ ಜಗಳ ಇವತ್ತಿಗೂ ಇದೆ. ನಾನು ಅದರಲ್ಲಿ ಜಾಸ್ತಿ ತಲೆ ಹಾಕುವುದಿಲ್ಲ. ತೋರಣೆ ಅವರದು ಆಡುತ್ತಿದ್ದ ನಾಟಕವನ್ನೇ ಹಿಡಿದ ಚಿತ್ರ, ಕ್ಯಾಮೆರಾ ಹಿಡಿದವನು ಇಂಗ್ಲಿಷಿನವನು, ತೊಳೆದದ್ದು ಲಂಡನ್ನಿನಲ್ಲಿ. ಫಾಲ್ಕೆ ಕತೆ ಬೇರೆ. ಅವರು ಎಲ್ಲವನ್ನೂ ಮನೆಯಲ್ಲೇ ಮಾಡಿದರು. ಮನೆಯಲ್ಲಿ ಅನ್ನುವುದನ್ನು ಅಕ್ಷರಶಃ ತಗೊಳ್ಳಿ, ಅಡುಗೆಮನೆ ಸಮೇತ.

ಫಾಲ್ಕೆ ಹುಟ್ಟಿದ್ದು 1870ರಲ್ಲಿ, ತ್ರ್ಯಂಬಕೇಶ್ವರದಲ್ಲಿ. ಓದಿದ್ದು ಇಲ್ಲಿನ ಜೆ.ಜೆ. ಸ್ಕೂಲ್ ಆಫ್ ಆರ್ಟ್‌ನಲ್ಲಿ, ಆಮೇಲೆ ಬರೋಡಾದ ಕಲಾಭವನದಲ್ಲಿ. ಗೋಧ್ರಾದಲ್ಲಿ ಫೋಟೋ ಸ್ಟುಡಿಯೋ ಇಟ್ಟಿದ್ದರು. ಪುರಾತತ್ವ ಇಲಾಖೆಯಲ್ಲಿ ನಕ್ಷೆ ಬರೆದರು. ಕೆಲಸ ಬಿಟ್ಟು ಪ್ರೆಸ್ ಹಾಕಿದರು. ಪಾಲುದಾರರ ಜೊತೆ ಹೊಂದಾಣಿಕೆಯಾಗದೆ ಅದನ್ನೂ ಬಿಟ್ಟರು. 1911ರ ಈಸ್ಟರ್ ಹೊತ್ತಿಗೆ ಗಿರಗಾಂವ್‌ನಲ್ಲಿ ಯೇಸುವಿನ ಜೀವನದ ಚಿತ್ರ ನೋಡಿದಾಗ ಅವರಿಗೆ ನಲವತ್ತು ದಾಟಿತ್ತು, ಕೈಯಲ್ಲಿ ಕೆಲಸ ಇರಲಿಲ್ಲ. ಪರದೆಯ ಮೇಲೆ ಯೇಸು ನಡೆದಾಡುತ್ತಿದ್ದಾಗ ಅವರ ಕಣ್ಣಿಗೆ ಕಂಡದ್ದು ರಾಮ, ಕೃಷ್ಣ. ನಮ್ಮ ದೇವರುಗಳನ್ನು ಹೀಗೆ ಪರದೆಯ ಮೇಲೆ ತರುವುದು ಯಾವಾಗ ಅನ್ನುವ ಹುಳ ತಲೆಗೆ ಹೊಕ್ಕಿತು. ಆಮೇಲೆ ಸಿಕ್ಕ ಸಿಕ್ಕ ಚಿತ್ರವನ್ನೆಲ್ಲ ನೋಡಿ, ನಿದ್ದೆಗೆಟ್ಟು, ಕೆಲವು ಕಾಲ ಕಣ್ಣೇ ಕಾಣದಂತಾಯಿತು. ಚಿಕಿತ್ಸೆ ಮಾಡಿಸಿಕೊಂಡು ಸರಿಹೋದರು. ಸರಿಹೋದ ಮೇಲೆ ಮತ್ತೆ ಅದೇ ಹುಚ್ಚು.

ಜೀವವಿಮೆಯ ಪಾಲಿಸಿಯನ್ನೇ ಅಡವಿಟ್ಟು ಸಾಲ ಎತ್ತಿದರು. 1912ರ ಫೆಬ್ರವರಿಯಲ್ಲಿ ಲಂಡನ್ನಿಗೆ ಹಡಗು ಹತ್ತಿದರು. ಅಲ್ಲಿನ ಒಂದು ಸಿನಿಮಾ ವಾರಪತ್ರಿಕೆಯ ಸಂಪಾದಕರನ್ನು ನೇರವಾಗಿ ಹೋಗಿ ಕಂಡರು. ಗುರುತಿಲ್ಲ, ಪರಿಚಯವಿಲ್ಲ. ಆ ಮನುಷ್ಯ ಇವರನ್ನು ಸೆಸಿಲ್ ಹೆಪ್‌ವರ್ತ್ ಅವರ ಸ್ಟುಡಿಯೋಗೆ ಕರೆದೊಯ್ದರು. ವಿಲಿಯಮ್ಸನ್ ಕ್ಯಾಮೆರಾ, ಪ್ರಿಂಟಿಂಗ್ ಯಂತ್ರ, ಫಿಲ್ಮಿಗೆ ತೂತು ಹೊಡೆಯುವ ಯಂತ್ರ ಕೊಂಡು ಏಪ್ರಿಲ್ 1ಕ್ಕೆ ವಾಪಸ್. ಬಂದವರು ಕುಂಡದಲ್ಲಿ ಬಟಾಣಿ ಬಿತ್ತಿ, ಅದು ಮೊಳೆತು ಗಿಡವಾಗುವುದನ್ನು ದಿನಾ ಸ್ವಲ್ಪ ಸ್ವಲ್ಪ ಶೂಟ್ ಮಾಡಿ ಸಾಲ ಕೊಡುವವರಿಗೆ ತೋರಿಸಿದರು. ಆ ಒಂದು ನಿಮಿಷದ ಚಿತ್ರ ನೋಡಿ ದುಡ್ಡು ಬಂತು. ಸಾಲದಿದ್ದಾಗ ಹೆಂಡತಿ ಸರಸ್ವತೀಬಾಯಿ ಒಡವೆ ಬಿಚ್ಚಿಕೊಟ್ಟರು.

ಸರಸ್ವತೀಬಾಯಿ ಬಗ್ಗೆ ಎರಡು ಸಾಲು ಬರೆದು ಮುಗಿಸುವವರೇ ಜಾಸ್ತಿ. ಅವರ ಕೆಲಸ ಏನಿತ್ತು ಅಂತ ಒಮ್ಮೆ ನೋಡೋಣ. ಆಗ ಕಚ್ಚಾ ಫಿಲ್ಮು ಅಂಚಿಗೆ ತೂತಿಲ್ಲದೆ ಬರುತ್ತಿತ್ತು. ಆ ತೂತಿಲ್ಲದಿದ್ದರೆ ಕ್ಯಾಮೆರಾದ ಹಲ್ಲಿಗೆ ಫಿಲ್ಮು ಸಿಕ್ಕುವುದಿಲ್ಲ, ಮುಂದೆ ಸರಿಯುವುದಿಲ್ಲ. ಹಾಗಾಗಿ ಶೂಟಿಂಗಿಗೆ ಮುಂಚೆ ಇಡೀ ಸುರುಳಿಗೆ ಒಂದೇ ಅಳತೆಯಲ್ಲಿ ತೂತು ಹೊಡೆಯಬೇಕು. ಅದೂ ಕತ್ತಲೆ ಕೋಣೆಯಲ್ಲಿ, ಕೈಯ ಅಂದಾಜಿನಲ್ಲಿ. ಒಂದು ತೂತು ಓರೆಯಾದರೆ ಪರದೆಯ ಮೇಲೆ ಚಿತ್ರ ಕುಣಿಯುತ್ತದೆ. ಬೆಳಕು ತಾಗಿದರೆ ಸುರುಳಿಯೇ ಹಾಳು. ಈ ಕೆಲಸ ಸರಸ್ವತೀಬಾಯಿಯವರದು. ಹಗಲು ಶೂಟಿಂಗ್ ನಡೆಯುವಾಗ ಬಿಳಿ ಬಟ್ಟೆ ಹಿಡಿದು ನಟರ ಮುಖಕ್ಕೆ ಬಿಸಿಲು ತಿರುಗಿಸುವುದು ಅವರದು. ರಾತ್ರಿ ರಾಸಾಯನಿಕ ಬೆರೆಸಿ ಫಿಲ್ಮು ತೊಳೆಯುವುದೂ ಅವರದು. ಇದರ ನಡುವೆ ಅರವತ್ತಕ್ಕೂ ಹೆಚ್ಚು ಜನರ ಅಡುಗೆ, ಮಕ್ಕಳು, ಬಟ್ಟೆಬರೆ. ಈಗಿನ ಲೆಕ್ಕದಲ್ಲಿ ಹೇಳುವುದಾದರೆ ಲ್ಯಾಬ್, ಲೈಟಿಂಗ್, ಕ್ಯಾಟರಿಂಗ್ ಮೂರೂ ವಿಭಾಗಕ್ಕೆ ಒಬ್ಬರೇ ಮುಖ್ಯಸ್ಥರು. ಫಾಲ್ಕೆ ಹೆಸರಿನಲ್ಲಿ ಪ್ರಶಸ್ತಿ ಇದೆ, ಸರಿ. ಇವರ ಹೆಸರಲ್ಲೂ ಒಂದು ಇರಬೇಕಿತ್ತು ಅನ್ನುವುದು ನನ್ನ ಅಭಿಪ್ರಾಯ.

ಸ್ಟುಡಿಯೋ ಇದ್ದದ್ದು ದಾದರ್ ಪೂರ್ವದಲ್ಲಿ, ಈಗ ದಾದಾಸಾಹೇಬ್ ಫಾಲ್ಕೆ ರೋಡ್ ಅಂತ ಕರೆಯುವ ರಸ್ತೆಯಲ್ಲಿ. ಕೃತಕ ಬೆಳಕಿಲ್ಲ, ಎಲ್ಲವೂ ಬಿಸಿಲಿನಲ್ಲೇ.

ಮೊದಲ ಚಿತ್ರ 'ರಾಜಾ ಹರಿಶ್ಚಂದ್ರ'. ಅದರ ರಾಣಿ ತಾರಾಮತಿ ಪಾತ್ರಕ್ಕೆ ಹೆಂಗಸರು ಸಿಗಲಿಲ್ಲ. ಜಾಹೀರಾತು ಕೊಟ್ಟರು, ವೇಶ್ಯೆಯರ ಕೋಠಿಗಳಿಗೆ ಹೋಗಿ ಕೇಳಿದರು, ಅಲ್ಲಿಯೂ ಬೇಡ ಅಂದರು. ಕೊನೆಗೆ ಗ್ರಾಂಟ್ ರೋಡಿನ ಒಂದು ಹೋಟೆಲಿನಲ್ಲಿ ಅಣ್ಣಾ ಸಾಳುಂಕೆ ಕಣ್ಣಿಗೆ ಬಿದ್ದರು. ತೆಳ್ಳಗಿನ ಮೈ, ನೀಳ ಬೆರಳು. ಹೋಟೆಲಿನಲ್ಲಿ ತಿಂಗಳಿಗೆ 10 ರೂಪಾಯಿ ಸಿಗುತ್ತಿತ್ತು, ಫಾಲ್ಕೆ 15 ಕೊಟ್ಟರು. ಇಲ್ಲಿ ಹೋಟೆಲ್ ಉದ್ಯಮದವರು ಬಹಳ ಜನ ಕೂತಿದ್ದೀರಿ, ಒಳ್ಳೆಯ ಹುಡುಗ ಸಿಕ್ಕಿದ ಅಂತ ಸಂಬಳ ಏರಿಸಿ ಎಬ್ಬಿಸಿಕೊಂಡು ಹೋಗುವ ಕತೆ ನಿಮಗೆ ಹೊಸತೇನಲ್ಲ! ಹೀಗೆ ಭಾರತದ ಮೊದಲ ನಾಯಕಿ ಹೋಟೆಲಿನಿಂದ ಬಂದರು. ನಾಲ್ಕು ವರ್ಷ ಆದ ಮೇಲೆ, 1917ರ 'ಲಂಕಾ ದಹನ'ದಲ್ಲಿ ಇದೇ ಸಾಳುಂಕೆ ರಾಮನೂ ಆದರು, ಸೀತೆಯೂ ಆದರು.

ಹೊರಾಂಗಣ ಚಿತ್ರೀಕರಣಕ್ಕೆ ವಾಂಗಣಿಗೆ ಹೋದ ಕತೆ ಇದೆ. ಬದ್ಲಾಪುರ ದಾಟಿದ ಮೇಲೆ ಸಿಗುವ ಸ್ಟೇಷನ್, ಕರ್ಜತ್ ಲೋಕಲ್ ಹಿಡಿಯುವವರಿಗೆ ಗೊತ್ತು. ಕತ್ತಿ, ಈಟಿ ಹಿಡಿದ ಜನ ಊರ ಹೊರಗೆ ಬೀಡು ಬಿಟ್ಟದ್ದು ನೋಡಿ ಹಳ್ಳಿಯವರು ದರೋಡೆಕೋರರು ಅಂದುಕೊಂಡರು. ಪಾಟೀಲನಿಗೆ ಸುದ್ದಿ ಹೋಯಿತು, ಪೊಲೀಸರು ಬಂದು ಎಲ್ಲರನ್ನೂ ಕೂರಿಸಿಕೊಂಡರು. ಸಿನಿಮಾ ಅಂದರೆ ಏನು ಅಂತ ಬಾಯಲ್ಲಿ ಹೇಳಿ ನಂಬಿಸುವುದು ಹೇಗೆ? ಫಾಲ್ಕೆ ಕ್ಯಾಮೆರಾ ನಿಲ್ಲಿಸಿ, ಒಳಗೆ ಫಿಲ್ಮು ಹಾಕದೆ, ನಟರಿಂದ ಒಂದು ದೃಶ್ಯ ಆಡಿಸಿ ತೋರಿಸಿ ಬಿಡಿಸಿಕೊಂಡರು ಅಂತ ಕತೆ. ಸುಮ್ನೆ ಫಿಲ್ಮು ಯಾಕೆ ಖರ್ಚು ಮಾಡುವುದು ಅಂತ ಆ ಗಡಿಬಿಡಿಯಲ್ಲೂ ಯೋಚಿಸಿದರಲ್ಲ, ಅದು ನನಗೆ ಇಷ್ಟ.

'ರಾಜಾ ಹರಿಶ್ಚಂದ್ರ' 1913ರ ಮೇ 3ರಂದು ಕಾರೋನೇಷನ್‌ನಲ್ಲಿ ತೆರೆ ಕಂಡಿತು. ಸುಮಾರು 3700 ಅಡಿ, ನಾಲ್ಕು ರೀಲು. ಅಷ್ಟಕ್ಕೇ ಜನ ಬರುತ್ತಾರೋ ಇಲ್ಲವೋ ಅನ್ನುವ ಅಳುಕು ಥಿಯೇಟರಿನವರಿಗೆ. ಹಾಗಾಗಿ ಜೊತೆಗೆ ಒಂದು ಡ್ಯಾನ್ಸು, ಒಂದು ಹಾಸ್ಯ, ಕಾಲಿನಲ್ಲಿ ಕಸರತ್ತು ತೋರಿಸುವವನೊಬ್ಬ. ಜನ ಬಂದದ್ದು ಹರಿಶ್ಚಂದ್ರನಿಗಾಗಿಯೇ ಅಂತ ಬೇಗ ಗೊತ್ತಾಯಿತು. ಅದೇ ವರ್ಷದ 'ಮೋಹಿನಿ ಭಸ್ಮಾಸುರ'ದಲ್ಲಿ ದುರ್ಗಾಬಾಯಿ ಕಾಮತ್ ಮತ್ತು ಮಗಳು ಕಮಲಾಬಾಯಿ ನಟಿಸಿದರು. ಹೆಂಗಸರು ಪರದೆಗೆ ಬಂದಾಯಿತು. ಆ ಹೊತ್ತಿಗೆ ಫಾಲ್ಕೆ ನಾಸಿಕಕ್ಕೆ ಹೋಗಿಬಿಟ್ಟಿದ್ದರು. ಅವರು ಹೋದರೂ ಉದ್ಯಮ ಇಲ್ಲೇ ಉಳಿಯಿತು.

ಯಾಕೆ ಉಳಿಯಿತು? ಒಂದು ಕಾರಣ ಹತ್ತಿಯ ದುಡ್ಡು. ಮೊದಲ ಮಹಾಯುದ್ಧದ ಕಾಲದಲ್ಲಿ ಇಲ್ಲಿನ ವ್ಯಾಪಾರಿಗಳ ಕೈಯಲ್ಲಿ ಹಣ ಓಡಾಡುತ್ತಿತ್ತು. ಇನ್ನೊಂದು, ನೋಡುವ ಜನ. ಗಿರಣಿಯಲ್ಲಿ ದುಡಿದು ಸಂಜೆ ನಾಲ್ಕಾಣೆ ಖರ್ಚು ಮಾಡಬಲ್ಲ ಜನ ಇಷ್ಟು ದಟ್ಟವಾಗಿ ಬೇರೆಲ್ಲಿ ಸಿಗುತ್ತಾರೆ? ಮೂರನೆಯದು, ಪಾರ್ಸಿ ರಂಗಭೂಮಿ. ಪರದೆ ಬರೆಯುವವರು, ವೇಷ ಹೊಲಿಯುವವರು, ಸಂಭಾಷಣೆ ಬರೆಯುವ ಮುನ್ಶಿಗಳು, ಹಾರ್ಮೋನಿಯಂನವರು, ಎಲ್ಲರೂ ಗ್ರಾಂಟ್ ರೋಡ್ ಸುತ್ತಲೇ.

ದ್ವಾರಕಾದಾಸ್ ಸಂಪತ್ ಕಟ್ಟಿದ ಕೊಹಿನೂರ್ ಕಂಪನಿ ದಾದರ್‌ನಲ್ಲಿ ಬೆಳೆಯಿತು. ಅವರ 1921ರ 'ಭಕ್ತ ವಿದುರ'ದಲ್ಲಿ ವಿದುರ ಗಾಂಧಿ ಟೋಪಿ, ಖಾದಿ ಅಂಗಿ ಹಾಕಿಕೊಂಡು ಬಂದ. ಪಾತ್ರ ಮಾಡಿದವರು ಸ್ವತಃ ಸಂಪತ್. ನೋಡಿದವರಿಗೆಲ್ಲ ಅದು ಯಾರು ಅಂತ ಗೊತ್ತಾಯಿತು, ಸರಕಾರಕ್ಕೂ ಗೊತ್ತಾಯಿತು. ಮದ್ರಾಸು, ಕರಾಚಿಗಳಲ್ಲಿ ನಿಷೇಧ. ಮುಂಬಯಿಯಲ್ಲಿ ಸೆನ್ಸಾರ್ ಮಂಡಳಿ ಶುರುವಾದದ್ದು 1920ರಲ್ಲಿ, ಅದಕ್ಕೆ ಪೊಲೀಸ್ ಕಮಿಷನರೇ ಅಧ್ಯಕ್ಷ. ಅಷ್ಟು ಹೇಳಿದರೆ ಸಾಕು.

ಮೂಕಿ ಕಾಲದ ದೊಡ್ಡ ತಾರೆ ಸುಲೋಚನಾ. ನಿಜ ಹೆಸರು ರೂಬಿ ಮೈಯರ್ಸ್, ಪುಣೆಯಲ್ಲಿ ಹುಟ್ಟಿದ ಯಹೂದಿ ಹುಡುಗಿ. ಟೆಲಿಫೋನ್ ಆಪರೇಟರ್ ಆಗಿದ್ದವರು. ಮುಂದೆ ಟೆಲಿಫೋನ್ ಹುಡುಗಿಯ ಕತೆಯ ಚಿತ್ರದಲ್ಲೇ ನಟಿಸಿದರು. ಅವರ ಸಂಬಳ ಗವರ್ನರ್ ಸಾಹೇಬರಿಗಿಂತ ಜಾಸ್ತಿ ಅಂತ ಊರೆಲ್ಲ ಮಾತಾಡಿಕೊಳ್ಳುತ್ತಿತ್ತು. ಫಾತ್ಮಾ ಬೇಗಂ 1926ರಲ್ಲಿ 'ಬುಲ್ಬುಲ್-ಎ-ಪರಿಸ್ತಾನ್' ನಿರ್ದೇಶಿಸಿದರು, ದೇಶದ ಮೊದಲ ನಿರ್ದೇಶಕಿ. ಕಂಪನಿಯೂ ಅವರದೇ. ಶೇರು ಪೇಟೆಯಿಂದ ಬಂದ ಚಂದೂಲಾಲ್ ಶಾ 1929ರಲ್ಲಿ ದಾದರ್‌ನಲ್ಲಿ ರಣಜಿತ್ ಸ್ಟುಡಿಯೋ ಕಟ್ಟಿದರು. ದೇಶದ ದೊಡ್ಡ ಸ್ಟುಡಿಯೋಗಳಲ್ಲಿ ಒಂದಾಯಿತು. ಆಮೇಲೆ ಅದೇ ಹತ್ತಿ ಸಟ್ಟಾ, ಕುದುರೆ ರೇಸು ಅವರನ್ನು ಬೀದಿಗೆ ತಂದವು.

ಇನ್ನು ಮಾತು ಬಂದದ್ದು. ಅರ್ದೇಶಿರ್ ಇರಾನಿಯವರ 'ಆಲಂ ಆರಾ', 1931ರ ಮಾರ್ಚ್ 14, ಗಿರಗಾಂವ್‌ನ ಮೆಜೆಸ್ಟಿಕ್. ಇದು ಎಲ್ಲ ಕ್ವಿಜ್‌ನಲ್ಲೂ ಬರುವ ಪ್ರಶ್ನೆ. ಕ್ವಿಜ್‌ನಲ್ಲಿ ಬಾರದ ವಿಷಯ ಹೇಳುತ್ತೇನೆ.

ಇರಾನಿಯವರ ಇಂಪೀರಿಯಲ್ ಸ್ಟುಡಿಯೋ ಇದ್ದದ್ದು ರೈಲು ಹಳಿಯ ಪಕ್ಕ. ಮೂಕಿ ಚಿತ್ರಕ್ಕೆ ಅದರಿಂದ ತೊಂದರೆ ಇರಲಿಲ್ಲ. ನಿರ್ದೇಶಕ ಕೂಗಾಡಬಹುದು, ಪಕ್ಕದಲ್ಲಿ ಇನ್ನೊಂದು ಸೆಟ್ಟಿನ ಸುತ್ತಿಗೆ ಬಡಿಯಬಹುದು. ಈಗ ಮೈಕು ಬಂತು. ಧ್ವನಿ ತಡೆಯುವ ಗೋಡೆಗಳಿಲ್ಲ, ಕೆಲವೇ ನಿಮಿಷಕ್ಕೊಂದು ರೈಲು. ಅದಕ್ಕೆ ಉಪಾಯ: ಕೊನೆಯ ರೈಲು ಹೋದ ಮೇಲೆ, ರಾತ್ರಿ ಒಂದರಿಂದ ನಾಲ್ಕರವರೆಗೆ ಶೂಟಿಂಗ್. ಮೈಕನ್ನು ನಟರ ಹತ್ತಿರ ಎಲ್ಲಾದರೂ ಮರೆಯಲ್ಲಿ ಇಡುವುದು. ಧ್ವನಿ ಯಂತ್ರದ ಜೊತೆ ಅಮೆರಿಕದ ಎಂಜಿನಿಯರ್ ಬಂದಿದ್ದ, ದಿನಕ್ಕೆ 100 ರೂಪಾಯಿ ಕೇಳಿದ. ಇರಾನಿ ಅವನ ಹತ್ತಿರ ಕೆಲಸ ಕಲಿತುಕೊಂಡು ತಾವೇ ರೆಕಾರ್ಡಿಂಗ್ ಮಾಡಿದರು.

ನಾಯಕ ಮಾಸ್ಟರ್ ವಿಠ್ಠಲ್. ಕತ್ತಿವರಸೆಯ ದೊಡ್ಡ ಹೀರೋ, ಆದರೆ ಹಿಂದಿ-ಉರ್ದು ನಾಲಿಗೆಗೆ ಹತ್ತುತ್ತಿರಲಿಲ್ಲ. ಹಳೆಯ ಕಂಪನಿಯವರು ಕರಾರು ಮುರಿದ ಅಂತ ಕೋರ್ಟಿಗೆ ಎಳೆದರು. ವಿಠ್ಠಲ್ ಪರ ವಾದಿಸಿ ಗೆಲ್ಲಿಸಿದ ವಕೀಲರು ಮಹಮ್ಮದಲಿ ಜಿನ್ನಾ. ಇಷ್ಟೆಲ್ಲ ಆಗಿ ಬಂದ ನಾಯಕನಿಗೆ ಮಾತೇ ಕಮ್ಮಿ ಇಟ್ಟು, ಅರೆಪ್ರಜ್ಞೆಯಲ್ಲಿ ಇರುವಂತೆ ತೋರಿಸಿದರು ಅಂತಾರೆ. ಮಾತಿನ ಮೊದಲ ಚಿತ್ರದ ನಾಯಕ ಮಾತಾಡದೆ ತಪ್ಪಿಸಿಕೊಂಡ! ಜನಕ್ಕೆ ಅದೆಲ್ಲ ಬೇಕಿರಲಿಲ್ಲ. ನಾಲ್ಕಾಣೆ ಟಿಕೆಟ್ ಬ್ಲ್ಯಾಕಿನಲ್ಲಿ ನಾಲ್ಕೈದು ರೂಪಾಯಿಗೆ ಹೋಯಿತು, ಗಲಾಟೆ ತಡೆಯಲು ಪೊಲೀಸರು ಬರಬೇಕಾಯಿತು.

ಮಾತು ಬಂದದ್ದೇ ನಮ್ಮ ಕಡೆಯವರಿಗೆ ಬಾಗಿಲು ತೆರೆಯಿತು. ಅಲ್ಲಿಯವರೆಗೆ ಚಿತ್ರಕ್ಕೆ ಭಾಷೆ ಇರಲಿಲ್ಲ, ನಡುವೆ ಬರುವ ಬರಹದ ಫಲಕ ಬದಲಿಸಿದರೆ ಎಲ್ಲಿ ಬೇಕಾದರೂ ಓಡುತ್ತಿತ್ತು. ಈಗ ತಮಿಳರಿಗೆ ತಮಿಳು ಬೇಕು, ತೆಲುಗರಿಗೆ ತೆಲುಗು ಬೇಕು. ದಕ್ಷಿಣದಲ್ಲಿ ಧ್ವನಿ ಸ್ಟುಡಿಯೋ ಇಲ್ಲ. ಬೆಂಗಳೂರಿನ ಎಚ್.ಎಂ. ರೆಡ್ಡಿ ಇದೇ ಇಂಪೀರಿಯಲ್‌ನಲ್ಲಿ, 'ಆಲಂ ಆರಾ'ದ ಸೆಟ್ಟು ಬಳಸಿಕೊಂಡು 'ಕಾಳಿದಾಸ್' ಮಾಡಿದರು. ಅದು 1931ರ ಅಕ್ಟೋಬರ್‌ನಲ್ಲಿ ಮದ್ರಾಸಿನಲ್ಲಿ ಬಿಡುಗಡೆ. ಆಮೇಲೆ ತೆಲುಗಿನ 'ಭಕ್ತ ಪ್ರಹ್ಲಾದ'. ಕನ್ನಡದ ಸರದಿ ಬಂದದ್ದು 1934ರಲ್ಲಿ. ಮೊದಲು ತೆರೆ ಕಂಡ 'ಸತಿ ಸುಲೋಚನ' ತಯಾರಾದದ್ದು ಕೊಲ್ಹಾಪುರದಲ್ಲಿ. ಅದರ ಬೆನ್ನಿಗೇ ಬಂದ 'ಭಕ್ತ ಧ್ರುವ' ತಯಾರಾದದ್ದು ನಮ್ಮ ಮುಂಬಯಿಯಲ್ಲಿ, ನಿರ್ದೇಶಕರು ಪಾರ್ಶ್ವನಾಥ ಆಳ್ತೇಕರ್. ಅಂದರೆ ಕನ್ನಡ ಸಿನಿಮಾ ಮೊದಲು ಮಾತಾಡಿದ್ದು ಮರಾಠಿ ನೆಲದಲ್ಲಿ ನಿಂತು. ಗಡಿ ಜಗಳದ ಭಾಷಣಗಳಲ್ಲಿ ಇದನ್ನು ಯಾರೂ ಹೇಳುವುದಿಲ್ಲ.

ಇನ್ನೊಂದು ವಿಷಯ ನಾವು ಮರೆಯುತ್ತೇವೆ. ಬಿಜಾಪುರ, ಬೆಳಗಾವಿ, ಧಾರವಾಡ, ಕಾರವಾರ, ಇವೆಲ್ಲ ಆಗ ಮುಂಬಯಿ ಪ್ರಾಂತ್ಯ. ಬೀಳಗಿಯ ಜನಕ್ಕೆ ರಾಜಧಾನಿ ಬೆಂಗಳೂರಲ್ಲ, ಮುಂಬಯಿ. ಕೋರ್ಟು, ಪರೀಕ್ಷೆ, ನೌಕರಿ ಎಲ್ಲಕ್ಕೂ ರೈಲು ಈ ಕಡೆಗೇ. ಅದೇ ರೈಲಿನಲ್ಲಿ ಬಂದವರು ಬೀಳಗಿಯ ಅಕ್ಕತಂಗಿಯರು, ಗೋಹರಬಾಯಿ ಮತ್ತು ಅಮೀರಬಾಯಿ. ಕಂಪನಿ ನಾಟಕದಲ್ಲಿ ಹಾಡಿ ಪಳಗಿದ ಗಂಟಲು. ಹೊಸ ಮಾತಿನ ಚಿತ್ರಕ್ಕೆ ಬೇಕಿದ್ದದ್ದು ಅದೇ: ಹಾಡಬಲ್ಲ, ಮೈಕಿಗೆ ಹೆದರದ ನಟಿ. ಇಲ್ಲಿಯವರು ಹೆಸರಿನ ಮುಂದೆ ಕರ್ನಾಟಕಿ ಅಂತ ಸೇರಿಸಿದರು. ಇಲ್ಲಿ ಒಂದು ಗೊಂದಲ ಬಿಡಿಸಬೇಕು. ರಣಜಿತ್ ಸ್ಟುಡಿಯೋದ ನಟಿ ಗೋಹರ್ ಬೇರೆ, ನಮ್ಮ ಗೋಹರಬಾಯಿ ಬೇರೆ. ನಮ್ಮವರು ಮುಂದೆ ಮರಾಠಿ ರಂಗನಟ ಬಾಲಗಂಧರ್ವರ ಕಂಪನಿ ಸೇರಿ, ಅವರನ್ನೇ ಮದುವೆಯಾದರು.

ಅಮೀರಬಾಯಿ ಮೊದಲ ವರ್ಷಗಳಲ್ಲಿ ಸಣ್ಣಪುಟ್ಟ ಪಾತ್ರ ಮಾಡಿದರು. ಗಾಯಕಿಯಾಗಿ ಮನೆಮಾತಾದದ್ದು 1943ರ 'ಕಿಸ್ಮತ್'ನಿಂದ. ಮಲಾಡ್‌ನ ಬಾಂಬೆ ಟಾಕೀಸ್ ತಯಾರಿಸಿದ ಚಿತ್ರ, ಕಲ್ಕತ್ತಾದ ಒಂದೇ ಥಿಯೇಟರಿನಲ್ಲಿ ಮೂರು ವರ್ಷಕ್ಕೂ ಜಾಸ್ತಿ ಓಡಿತು. ಮುಂದಿನ ವರ್ಷ 'ರತನ್'. ಲತಾ ಬರುವ ಮುಂಚಿನ ಆ ಕೆಲವು ವರ್ಷ ದೇಶವೆಲ್ಲ ಕೇಳಿದ ದನಿಗಳಲ್ಲಿ ಬೀಳಗಿಯದೂ ಒಂದು. ಗಳಿಸಿದ ದುಡ್ಡಿನಲ್ಲಿ ವಿಜಯಪುರದಲ್ಲಿ ಅಮೀರ್ ಟಾಕೀಸ್ ಕಟ್ಟಿಸಿದರು. ಆ ಕಡೆಯವರು ಇಲ್ಲಿ ಇಬ್ಬರು ಮೂವರು ತಲೆ ಆಡಿಸುತ್ತಿದ್ದೀರಿ, ಚಿತ್ರ ನೋಡಿರಬೇಕು ಅಲ್ಲಿ!

ಮಾತು ಮುಗಿದ ಮೇಲೆ ಕೆಲವು ಪ್ರಶ್ನೆಗಳು ಬಂದವು. ಎರಡನ್ನು ಇಲ್ಲಿ ಸೇರಿಸುತ್ತೇನೆ.

ಆ ಜಾಗಗಳನ್ನು ಈಗ ನೋಡಬಹುದಾ ಅಂತ ಒಬ್ಬರು ಅಕ್ಕ ಕೇಳಿದರು. ವಾಟ್ಸನ್ ಹೋಟೆಲಿನ ಕಬ್ಬಿಣದ ಕಟ್ಟಡ ಈಗ ಎಸ್ಪ್ಲನೇಡ್ ಮ್ಯಾನ್ಶನ್, ಕಾಲಾ ಘೋಡಾದಲ್ಲಿದೆ, ಶಿಥಿಲವಾಗಿದೆ, ಹೊರಗಿನಿಂದ ನೋಡಿ ಬರಬಹುದು. ಕಾರೋನೇಷನ್ ಇಲ್ಲ. ಮೆಜೆಸ್ಟಿಕ್ ಥಿಯೇಟರ್ ಒಡೆದು ಆ ಜಾಗದಲ್ಲಿ ಮೆಜೆಸ್ಟಿಕ್ ಶಾಪಿಂಗ್ ಸೆಂಟರ್ ಕಟ್ಟಿದ್ದಾರೆ. ಗಿರಗಾಂವ್‌ಗೆ ಹೋದರೆ ಹೆಸರಾದರೂ ಸಿಗುತ್ತದೆ.

ಆ ಚಿತ್ರಗಳು ಸಿಗುತ್ತವಾ ಅನ್ನುವುದು ಇನ್ನೊಂದು ಪ್ರಶ್ನೆ. ಬಹುತೇಕ ಇಲ್ಲ. ದೇಶದಲ್ಲಿ ಸುಮಾರು 1300 ಮೂಕಿ ಚಿತ್ರಗಳು ತಯಾರಾದವು ಅನ್ನುತ್ತಾರೆ. ಪೂರ್ತಿಯೋ ಅರ್ಧವೋ ಉಳಿದಿರುವುದು ಮೂವತ್ತರ ಆಸುಪಾಸು. ಆ ಕಾಲದ ನೈಟ್ರೇಟ್ ಫಿಲ್ಮಿಗೆ ಬೆಂಕಿ ಬೇಗ ಹತ್ತುತ್ತಿತ್ತು. ಸುಡದೆ ಉಳಿದದ್ದು ಮುಂಬಯಿಯ ಸೆಕೆಗೆ ಅಂಟಂಟಾಗಿ ಕೊಳೆಯುತ್ತಿತ್ತು. ಓಡಿ ಮುಗಿದ ಚಿತ್ರವನ್ನು ಅದರಲ್ಲಿರುವ ಬೆಳ್ಳಿಗಾಗಿ ತೊಳೆದು ಮಾರಿದವರೂ ಇದ್ದರು. 'ಆಲಂ ಆರಾ'ದ ಒಂದೇ ಒಂದು ಪ್ರತಿ ಎಲ್ಲೂ ಇಲ್ಲ.

'ರಾಜಾ ಹರಿಶ್ಚಂದ್ರ'ದ ಮೊದಲ ಮತ್ತು ಕೊನೆಯ ರೀಲು ಪುಣೆಯ ಫಿಲ್ಮ್ ಆರ್ಕೈವ್ಸ್‌ನಲ್ಲಿವೆ. ಅದು 1913ರದ್ದಲ್ಲ, ಫಾಲ್ಕೆ 1917ರಲ್ಲಿ ಮತ್ತೆ ತೆಗೆದದ್ದು ಅನ್ನುವ ವಾದವೂ ಇದೆ. ಯಾವುದೇ ಇರಲಿ, ಈಗ ಮೊಬೈಲಿನಲ್ಲೇ ನೋಡಲು ಸಿಗುತ್ತದೆ. ನೋಡುವಾಗ ರಾಣಿಯ ಸಖಿಯರು ಕೊಳದಲ್ಲಿ ನೀರಾಟ ಆಡುವ ದೃಶ್ಯದ ಹತ್ತಿರ ನಿಲ್ಲಿಸಿ, ತೋಳುಗಳನ್ನು ಸರಿಯಾಗಿ ಗಮನಿಸಿ. ಒಬ್ಬಳೂ ಹೆಂಗಸಲ್ಲ, ಎಲ್ಲರೂ ಗಂಡಸರೇ!